ಮೂರು ಗಂಟೆಗೆ ಗೋಡೆಯ ಕಡೆ

ಫೆಬ್ರವರಿ 6

ಬೆಂಕಿಕಡ್ಡಿ ಮಗಳೇ,

ಅಂತೂ ಈ ಸಲವೂ ‘ಮುಂದಿನ ವಾರ’ವೇ. ಪರೀಕ್ಷಾ ವಿಭಾಗದ ಕೌಂಟರಿನಲ್ಲಿ ಕೂರುವ ಆ ಮಹಾನುಭಾವರಿಗೆ ನಾನು ಮುಂದಿನವಾರಪ್ಪ ಅಂತ ಹೆಸರಿಟ್ಟಾಯಿತು. ಪಾಪ, ಕೆಟ್ಟವರಲ್ಲ. ಅವರ ಬಾಯಲ್ಲಿ ಒಂದೇ ಕೀಲಿಕೈ ಇದೆ, ಯಾವ ಬೀಗ ತಂದರೂ ಅದನ್ನೇ ತೂರಿಸುತ್ತಾರೆ.

“ಸಾರ್, ನನ್ನ ಮಗಳ ಪೇಪರು...” ಅಂದೆ.

“ಯಾವ್ದು, ಮೊದಲ್ನೇವ್ರು ಫೇಲ್ ಮಾಡಿ, ಎರಡನೇವ್ರು ಭರ್ತಿ ಮಾರ್ಕ್ಸ್ ಕೊಟ್ಟಿದ್ದಾ?”

“ಅದೇ ಸಾರ್. ಎತ್ತು ಏರಿಗೆ, ಕೋಣ ನೀರಿಗೆ.”

“ಹಾಗಿದ್ರೆ ಮೂರನೇವ್ರು ನೋಡ್ಬೇಕಪ್ಪ. ನೋಡ್ತಿದ್ದಾರೆ. ಮುಂದಿನ ವಾರ ಬಾ.”

ಈ ಮೂರನೆಯವರು ಯಾರು ಅಂತ ಕೇಳಿದೆ. ಕೇಳಬಾರದಂತೆ! ಇಬ್ಬರ ಮಾರ್ಕ್ಸಿಗೂ ಅಜಗಜಾಂತರ ಬಂದರೆ ಅಂತಿಮ ತೀರ್ಪು ಮೂರನೆಯವರದ್ದು. ಅವರು ಯಾರು ಅನ್ನುವುದು ಗೊತ್ತಾದರೆ ಅಪ್ಪಂದಿರು ಹೋಗಿ ಕಾಲು ಹಿಡಿಯುತ್ತಾರೆ, ಇಲ್ಲ ಕಾಲು ಮುರಿಯುತ್ತಾರೆ. ಅದಕ್ಕೆ ಗುಟ್ಟು. ಎಷ್ಟು ಗುಟ್ಟು ಅಂದರೆ, ಕಾರಿಡಾರಿನ ಕೊನೆಯಲ್ಲಿ ಒಂದು ರೂಮು, ಅದಕ್ಕೊಂದೇ ಬಾಗಿಲು, ಬಾಗಿಲ ಕೆಳಗಡೆ ಪೇಪರಿನ ಕಟ್ಟು ತೂರುವಷ್ಟು ಒಂದು ಕಿಂಡಿ. ಕಟ್ಟು ಒಳಗೆ ಹೋಗುತ್ತೆ, ತಿದ್ದಿದ್ದು ಅದೇ ಕಿಂಡಿಯಿಂದ ಹೊರಗೆ ಬರುತ್ತೆ.

ಈಗ ಕೇಳು, ನಗಬೇಡ. ನಾನಿನ್ನೂ ಅಲ್ಲೇ ನಿಂತಿದ್ದೆ, ಮೂರು ಗಂಟೆ ಆಯಿತು. ಅಲ್ಲಿನ ಅಟೆಂಡರು, ರಿಟೈರಾಗಲು ಬಂದಿರುವ ಅಜ್ಜ, ಒಂದು ಗಂಟೆ ಬಾರಿಸಿದ. ಅಷ್ಟೇ! ಗುಮಾಸ್ತರು, ಟೈಪ್ ಮಾಡುವವರು, ನಮ್ಮಂಥ ಅಪ್ಪ-ಅಮ್ಮಂದಿರು, ಬಂದ ಹುಡುಗ-ಹುಡುಗಿಯರು, ಕಾರಿಡಾರಿನಲ್ಲಿದ್ದ ಎಲ್ಲರೂ ಎದ್ದು ಗೋಡೆಯ ಕಡೆ ಮುಖ ಮಾಡಿ ನಿಂತರು. ಮನೆಲೆಕ್ಕ ಮಾಡದ ಮಕ್ಕಳ ಹಾಗೆ! ನಾನು ಬೆಪ್ಪನ ಹಾಗೆ ನಡುವೆ ನಿಂತಿದ್ದೆ. ಅಟೆಂಡರಜ್ಜ ನನ್ನ ತೋಳು ಹಿಡಿದು ತಿರುಗಿಸಿದ. “ಅವರು ಬರೋ ಹೊತ್ತು ಯಜಮಾನ್ರೇ. ನೋಡ್ಬಾರ್ದು. ಯಾರಾದ್ರೂ ನೋಡಿದ್ರೆ ಅವರ ಕಡೆ ಪೇಪರು ಕ್ಯಾನ್ಸಲ್.”

ನಾನೂ ನಿಂತೆ. ಮೂಗಿನ ಮುಂದೆ ಸುಣ್ಣದ ಗೋಡೆ. ನನ್ನ ಕಿವಿ ನಿನಗೆ ಗೊತ್ತಲ್ಲ, ಕೀ ಕೊರೆಯುವ ಮಷೀನು ತಿಂದುಹಾಕಿದ ಕಿವಿ. ಹೆಜ್ಜೆ ಸಪ್ಪಳ ಇತ್ತೋ ಇಲ್ಲವೋ ಹೇಳಲಾರೆ. ಬೆನ್ನಿಗೆ ಮಾತ್ರ ಗೊತ್ತಾಯಿತು. ಜನ ತುಂಬಿದ ಬಸ್ಸಿನಲ್ಲಿ ಯಾರೋ ಮೈ ತಾಗದ ಹಾಗೆ ಜಾಗ ಮಾಡಿಕೊಂಡು ದಾಟಿ ಹೋಗುತ್ತಾರಲ್ಲ, ಹಾಗೆ. ಶಾಯಿಯ ವಾಸನೆ ಬಂತು.

ಗಂಟೆ ಮತ್ತೆ ಹೊಡೆಯಿತು. ಎಲ್ಲರೂ ತಿರುಗಿ, ಬಿಟ್ಟ ಕೆಲಸಕ್ಕೆ ಕೂತರು. ಯಾರೂ ನಗಲಿಲ್ಲ. ನನಗೆ ನಗು ಬರಬೇಕಿತ್ತು, ಬರಲಿಲ್ಲ.

ಕಾಗದ ಬರಿ. ಫೋನು ಬೇಡ, ನೀನು ‘ಊಟ ಆಯ್ತಾ’ ಅಂದರೆ ನಾನು ‘ನಾಳೆ ರಿಪೇರಿ ಮಾಡ್ಕೊಡ್ತೀನಿ’ ಅಂತೀನಿ, ನಿನ್ನಮ್ಮ ಪಕ್ಕದಲ್ಲಿ ಹಣೆ ಚಚ್ಚಿಕೊಳ್ಳುತ್ತಾಳೆ.

ನಿನ್ನ,
ಬೀಗದ ಅಪ್ಪ


ಫೆಬ್ರವರಿ 15

ಅಪ್ಪಾ,

ನಿನ್ನ ಗೋಡೆ ಕಥೆ ಓದಿ ನಮ್ಮ ಹಾಸ್ಟೆಲ್ಲಿನಲ್ಲಿ ಎಲ್ಲರೂ ನಕ್ಕರು. ರಾತ್ರಿ ಮಲಗುವಾಗ ರೂಮಿನವಳು ಮಾತ್ರ, “ನಿಮ್ಮಪ್ಪ ನಿಜ ಬರೆದಿದ್ದಾರಾ?” ಅಂತ ಕೇಳಿದಳು.

ಇಲ್ಲಿ ಆಸ್ಪತ್ರೆಯ ಲ್ಯಾಬಿನಲ್ಲಿ ಕೆಲಸ ಚೆನ್ನಾಗಿದೆ. ದಿನವಿಡೀ ರಕ್ತ. ನನಗೆ ಈಗ ಜನರ ಮುಖಕ್ಕಿಂತ ಮೊದಲು ಮೊಣಕೈ ನರ ಕಾಣುತ್ತೆ. ಆದರೆ ಮೊನ್ನೆ ಆಫೀಸಿನವರು ಕರೆದಿದ್ದರು. ಪಾಸಾದ ಸರ್ಟಿಫಿಕೇಟು ಏಪ್ರಿಲ್ ಮುಗಿಯುವುದರೊಳಗೆ ಕೊಡದಿದ್ದರೆ ಈ ಜಾಗ ಇನ್ನೊಬ್ಬರಿಗೆ. ನಾನು, ಪೇಪರು ಮೂರನೆಯವರ ಹತ್ತಿರ ಇದೆ ಅಂದೆ. ಅವರು, “ಅಮ್ಮಾ, ನಮಗೆ ಪಾಸು ಗೊತ್ತು, ಫೇಲು ಗೊತ್ತು. ಇದು ಯಾವ್ದು?” ಅಂದರು. ನನಗೂ ಗೊತ್ತಿಲ್ಲ ಅಪ್ಪಾ.

ಅಪ್ಪಾ, ನಿನ್ನ ಗುಣ ನನಗೆ ಗೊತ್ತು. ‘ನೋಡಬಾರದು’ ಅಂದರೆ ನಿನಗೆ ಕಣ್ಣು ಕಡಿಯುತ್ತೆ. ದಯವಿಟ್ಟು ತಿರುಗಿ ನೋಡಬೇಡ. ಕ್ಯಾನ್ಸಲ್ ಅಂದರೆ ಮತ್ತೆ ಒಂದು ವರ್ಷ.

ನಿನ್ನ,
ಕಡ್ಡಿ


ಮಾರ್ಚ್ 2

ಕಡ್ಡಿ,

ಮೊದಲು ಒಳ್ಳೆ ಸುದ್ದಿ. ನಾನು ಕಾನೂನಿನವನಾದೆ! ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟವನು ಈಗ ‘ರಿಟ್’ ಅನ್ನುತ್ತೇನೆ, ‘ಪ್ರತಿವಾದಿ’ ಅನ್ನುತ್ತೇನೆ. ಹಾಲಿನವನು ಹಾಲು ತಡವಾಗಿ ತಂದರೆ ‘ಲಿಖಿತ ವಿವರಣೆ ಕೊಡಿ’ ಅಂತೀನಿ.

ವಿಷಯ ಇಷ್ಟು. ನಿನ್ನ ಹಾಗೇ ಕಾದು ಕೂತವರು ಇನ್ನೂ ಒಂದಷ್ಟು ಮಂದಿ ಇದ್ದಾರೆ. ಎಲ್ಲ ಸೇರಿ ಒಬ್ಬ ವಕೀಲಮ್ಮನ ಹತ್ತಿರ ಹೋದೆವು. ಆಕೆಯ ಆಫೀಸಿನ ಬೀಗ ಒಮ್ಮೆ ನಾನೇ ಬಿಡಿಸಿಕೊಟ್ಟಿದ್ದೆ. ಆಕೆ ಮೊದಲು ನಮ್ಮನ್ನು ಬೈದರು. “ಬಾಯಲ್ಲಿ ಕೇಳಿದ್ದು ಕೇಳಿದ ಹಾಗಲ್ಲ ಅಣ್ಣಾ. ಬರೆದು ಕೊಡಿ, ಸ್ವೀಕೃತಿ ಸೀಲು ಹಾಕಿಸ್ಕೊಳ್ಳಿ. ಕುಂದುಕೊರತೆ ಸಮಿತಿಗೆ ಹೋಗಿ. ಅವರು ಸುಮ್ಮನಿದ್ರೆ ನೋಟಿಸು. ನೋಟಿಸಿಗೂ ಸುಮ್ಮನಿದ್ರೆ ಹೈಕೋರ್ಟು. ಮೆಟ್ಟಿಲು ಬಿಟ್ಟು ಹಾರಿದ್ರೆ ಜಡ್ಜು ನಮ್ಮ ಕಾಲೇ ಹಿಡಿದು ಕೆಳಗಿಳಿಸ್ತಾರೆ.”

ಸಮಿತಿಗೆ ಹೋದೆವು. ಮೂವರು ಕೂತಿದ್ದರು, ಮೂವರಿಗೂ ಒಂದೇ ಕೆಮ್ಮು. “ಮೂರನೇ ಪರೀಕ್ಷಕರು ಕೆಲಸ ಮಾಡ್ತಿದ್ದಾರೆ, ಅವರಿಗೆ ಅವಸರ ಮಾಡೋ ಹಾಗಿಲ್ಲ” ಅಂದರು. ಅವರನ್ನು ಯಾರಾದರೂ ಭೇಟಿ ಮಾಡಿದ್ದೀರಾ ಅಂತ ಕೇಳಿದೆ. ಮೂವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. “ಭೇಟಿ ನಿಷಿದ್ಧ” ಅಂದರು ನಡುವಿನವರು. ಮೊದಲೆಲ್ಲ ಕಟ್ಟು ಕೊಟ್ಟ ವಾರಕ್ಕೇ ಹೊರಗೆ ಬರುತ್ತಿತ್ತಂತೆ. ಹೋದ ವರ್ಷದ ಕೊನೆಯಿಂದ ಒಂದೂ ಬಂದಿಲ್ಲವಂತೆ. ನೋಟಿಸು ಹೋಗಿದೆ.

ಇನ್ನು ಕೆಟ್ಟ ಸುದ್ದಿ. ಕೂಗಾಡಬೇಡ.

ಮೊನ್ನೆ ಮೂರು ಗಂಟೆಗೆ ನಾನು ಮತ್ತೆ ಆ ಕಾರಿಡಾರಿನಲ್ಲಿದ್ದೆ. ಗಂಟೆ ಹೊಡೆಯಿತು, ಎಲ್ಲರೂ ತಿರುಗಿದರು, ನಾನೂ ತಿರುಗಿದೆ. ನಿನ್ನ ಮಾತು ನೆನಪಿತ್ತು ಮಗಳೇ. ಆದರೆ ನಾನು ಬೀಗದವನು. ಮುಚ್ಚಿದ್ದು ಕಂಡರೆ ಕೈ ಸುಮ್ಮನಿದ್ದರೂ ಕಣ್ಣು ಸುಮ್ಮನಿರಲ್ಲ. ಸ್ವಲ್ಪವೇ ಸ್ವಲ್ಪ, ಕತ್ತು ಹಿಡಿದವನ ಹಾಗೆ, ಓರೆ ಮಾಡಿದೆ.

ಕಾರಿಡಾರಿನ ನಡುವೆ ಯಾರೂ ಇರಲಿಲ್ಲ.

ಅಷ್ಟೇ ಆಗಿದ್ದರೆ ನಕ್ಕು ಬಿಡುತ್ತಿದ್ದೆ. ಆದರೆ ಗೋಡೆಗೆ ಮುಖ ಮಾಡಿದ್ದವರು, ಮೆಟ್ಟಿಲ ಕಡೆಯಿಂದ ಒಬ್ಬೊಬ್ಬರಾಗಿ, ತುಸು ಗೋಡೆಗೆ ಒತ್ತಿಕೊಂಡರು. ದಾರಿ ಬಿಡುವ ಹಾಗೆ. ಅವರಿಗೆ ಅದು ಗೊತ್ತೇ ಇರಲಿಲ್ಲ ಅನ್ನಿಸಿತು. ಒಬ್ಬ ಹೆಂಗಸಿನ ಕೈಯಲ್ಲಿದ್ದ ಅರ್ಜಿಯ ತುದಿ ಎದ್ದು ಬಿತ್ತು, ಆಮೇಲೆ ಅವಳ ಪಕ್ಕದವನದು. ಹಾಗೆ ಬರುತ್ತಾ ನನ್ನ ಹತ್ತಿರ ಬಂತು. ನಾನು ಗೋಡೆ ನೋಡಿದೆ. ಅಲ್ಲಿವರೆಗೆ ಧೈರ್ಯ ಇತ್ತು, ಅಲ್ಲಿಂದ ಮುಂದೆ ಇರಲಿಲ್ಲ.

ಯಾರೂ ನನ್ನನ್ನು ಗಮನಿಸಿಲ್ಲ. ನಿನ್ನಮ್ಮನಿಗೆ ಹೇಳಬೇಡ.

ಕಳ್ಳ ಅಪ್ಪ


ಮಾರ್ಚ್ 9

ಅಪ್ಪಾ,

ಬೇಡ ಅಂದಿದ್ದೆ. ಒಂದೇ ಒಂದು ಬೇಡ ಅಂದಿದ್ದೆ.

ಈಗ ನನಗೆ ಬೈಯಲೂ ಆಗುತ್ತಿಲ್ಲ. ನೀನು ಬರೆದದ್ದು ಓದಿದ ಮೇಲೆ ಲ್ಯಾಬಿನ ಉದ್ದ ಹಾದಿಯಲ್ಲಿ ಒಬ್ಬಳೇ ನಡೆಯಲು ಒಂಥರಾ ಆಗುತ್ತೆ. ಇನ್ನು ಇಂಥದ್ದು ಬರೆಯಬೇಡ. ಕೋರ್ಟಿನದ್ದು ಮಾತ್ರ ಬರಿ.

ಕಡ್ಡಿ


ಏಪ್ರಿಲ್ 3

ಕೋರ್ಟಿನದ್ದು ಮಾತ್ರ ಬರಿ ಅಂದೆಯಲ್ಲ, ತಗೋ. ಮೂರು ಸಲ ನಿನ್ನ ಕಾಗದ ಬಂತು, ಉತ್ತರ ಬರೆಯಲಿಲ್ಲ. ಭಯ ಇತ್ತು. ಯಾಕೆ ಅಂತ ಈಗ ಹೇಳಬಹುದು, ಮುಗಿಯಿತು.

ನೋಟಿಸಿಗೆ ವಿಶ್ವವಿದ್ಯಾಲಯದವರು ತುಟಿ ಬಿಚ್ಚಲಿಲ್ಲ. ರಿಟ್ ಹಾಕಿದೆವು. ಅವರ ಕಡೆ ವಕೀಲರು ಬಂದರು, ಇಸ್ತ್ರಿ ಮಾಡಿದ ಮುಖ. “ಮಹಾಸ್ವಾಮಿ, ಅರ್ಜಿದಾರರಲ್ಲಿ ಒಬ್ಬಳ ಪೇಪರು ಈಗಾಗಲೇ ರದ್ದಾಗಬೇಕು. ಆಕೆಯ ತಂದೆ ಗೋಪ್ಯತೆ ಮುರಿದಿದ್ದಾರೆ” ಅಂದರು.

ಹೋದ ವರ್ಷದ ಕೊನೆಯಲ್ಲಿ ಹೊಸ ಅಧಿಕಾರಿ ಬಂದು ಕಾರಿಡಾರಿಗೆ ಕ್ಯಾಮೆರಾ ಹಾಕಿಸಿದ್ದನಂತೆ! ಮೂಲೆಯಲ್ಲಿ, ಹಲ್ಲಿ ಕೂರುವ ಜಾಗದಲ್ಲಿ. ನಾನು ನೋಡಿಯೇ ಇರಲಿಲ್ಲ. ಅದು ನನ್ನನ್ನು ನೋಡಿತ್ತು.

ಕೋರ್ಟಿನಲ್ಲಿ ಅದನ್ನು ಹಾಕಿ ತೋರಿಸಿದರು. ಪರದೆಯ ಮೇಲೆ ನಾವೆಲ್ಲ ಗೋಡೆಗೆ ಮುಖ ಮಾಡಿ ನಿಂತಿದ್ದೇವೆ. ಕೋರ್ಟಿಗೆ ಕೋರ್ಟೇ ನಕ್ಕಿತು. ನನ್ನ ಕತ್ತು ಮೆಲ್ಲಗೆ ಓರೆಯಾಯಿತು, ಆಮೆಯ ಹಾಗೆ. ಮತ್ತೂ ನಕ್ಕರು. ಆಮೇಲೆ ಜನ ಒಬ್ಬೊಬ್ಬರಾಗಿ ಗೋಡೆಗೆ ಒತ್ತಿಕೊಳ್ಳಲು ಶುರು ಮಾಡಿದರು. ನಡುವೆ ಖಾಲಿ ನೆಲ. ನಗು ನಿಂತಿತು. ಫ್ಯಾನು ತಿರುಗುವುದು ನನಗೂ ಕೇಳಿಸಿತು ಅಂದರೆ ನೋಡು.

ಜಡ್ಜಮ್ಮ ಕನ್ನಡಕ ತೆಗೆದರು. “ಅರ್ಜಿದಾರಳ ತಂದೆ ಯಾರು?”

ಎದ್ದು ನಿಂತೆ. ಕಾಲು ಮಾತ್ರ ಕೂತೇ ಇತ್ತು.

“ತಿರುಗಿ ನೋಡಿದ್ರಾ?”

“ನೋಡ್ದೆ ಸ್ವಾಮಿ.”

“ಯಾರು ಕಂಡ್ರು?”

“ಯಾರೂ ಇಲ್ಲ ಸ್ವಾಮಿ.”

ಜಡ್ಜಮ್ಮ ಆ ಇಸ್ತ್ರಿ ಮುಖದ ವಕೀಲರ ಕಡೆ ತಿರುಗಿದರು. “ಇವರು ಪರೀಕ್ಷಕರನ್ನ ನೋಡಿದ್ದಾರೆ ಅಂತ ನಿಮ್ಮ ವಾದ. ಹಾಗಾದ್ರೆ ಈ ಚಿತ್ರದಲ್ಲಿ ಪರೀಕ್ಷಕರು ಎಲ್ಲಿದ್ದಾರೆ, ತೋರಿಸಿ.” ಅವರು ಫೈಲಿನ ಹಾಳೆ ತಿರುವತೊಡಗಿದರು. “ಇದ್ದಾರೆ ಅಂದ್ರೆ ಬೆರಳಿಟ್ಟು ತೋರಿಸಿ. ಇಲ್ಲ ಅಂದ್ರೆ, ಇಲ್ಲದವರ ಗೋಪ್ಯತೆ ಇವರು ಮುರಿದದ್ದು ಹೇಗೆ?”

ನಮ್ಮ ವಕೀಲಮ್ಮ ನನ್ನ ಕಾಲು ತುಳಿದರು, ಖುಷಿಗೆ. ಎತ್ತರ ಹಿಮ್ಮಡಿಯ ಚಪ್ಪಲಿ, ಇನ್ನೂ ನೋಯುತ್ತಿದೆ.

ಪರೀಕ್ಷಕರನ್ನು ನೇಮಿಸಿದ್ದು ಯಾರು, ಯಾವಾಗ ಅಂತ ಜಡ್ಜಮ್ಮ ಕೇಳಿದರು. ಯಾರಿಗೂ ಗೊತ್ತಿಲ್ಲ. ಒಬ್ಬ ಕುಲಸಚಿವರು ಹೋಗುವಾಗ ಮುಂದಿನವರಿಗೆ ‘ಅದು ಗುಟ್ಟು, ಕೇಳಬೇಡಿ’ ಅಂತ ಹೇಳಿ ಹೋಗಿದ್ದಾರೆ. ಅವರು ಮುಂದಿನವರಿಗೆ. ಮಾರ್ಕ್ಸು ಹೊತ್ತಿಗೆ ಸರಿಯಾಗಿ ಬರುತ್ತಿದ್ದುದರಿಂದ ಯಾರೂ ಕೇಳಲೇ ಇಲ್ಲ. ಕೇಳದೆ ಕೇಳದೆ, ಕೇಳಬೇಕಾದ್ದು ಏನು ಅನ್ನುವುದೂ ಮರೆತಿದೆ.

ಆದೇಶ ಆಯಿತು. ಒಂದು, ಕೋರ್ಟು ಕಳಿಸುವ ಕಮಿಷನರ ಎದುರು ಆ ರೂಮು ತೆಗೆಯಬೇಕು. ಎರಡು, ಎಲ್ಲ ಪೇಪರಿನ ವಿಷಯ ಮೇ ಮುಗಿಯುವುದರೊಳಗೆ ಇತ್ಯರ್ಥ ಆಗಬೇಕು. ಮೂರು, ನಿನ್ನದು: ವಕೀಲಮ್ಮ ಆಸ್ಪತ್ರೆಯನ್ನೂ ಕೇಸಿಗೆ ಸೇರಿಸಿದ್ದರಿಂದ, ಫಲಿತಾಂಶ ಬರುವವರೆಗೆ ನಿನ್ನನ್ನು ಕೆಲಸದಿಂದ ತೆಗೆಯುವ ಹಾಗಿಲ್ಲ. ಇದಕ್ಕೆ ಮಧ್ಯಂತರ ಆದೇಶ ಅಂತಾರೆ. ಆಫೀಸಿನವರು ಮತ್ತೆ ‘ಇದು ಯಾವ್ದು’ ಅಂದರೆ, ‘ಮಧ್ಯಂತರ’ ಅನ್ನು. ಬಾಯಿ ಮುಚ್ಚುತ್ತಾರೆ.

ವಕೀಲರ ಕಾಲ್ತುಳಿತಕ್ಕೆ ಸಿಕ್ಕ,
ಅಪ್ಪ


ಏಪ್ರಿಲ್ 12

ಕಡ್ಡಿ,

ರೂಮು ತೆಗೆದರು.

ನಾನು ಹುಡುಗಿಯ ಅಪ್ಪ, ಬೀಗ ಮುಟ್ಟಬಾರದು ಅಂತ ಕಮಿಷನರು ದೂರ ನಿಲ್ಲಿಸಿದರು. ಹಳೇ ಬಸ್‌ಸ್ಟ್ಯಾಂಡಿನ ಬೀಗದವನನ್ನು ಕರೆಸಿದ್ದರು, ನನಗೆ ಅವನ ಮುಖ ಕಂಡರೆ ಆಗದು, ಅವನಿಗೆ ನನ್ನದು. ಅವನು ಎಣ್ಣೆ ಬಿಟ್ಟ, ತಂತಿ ಹಾಕಿದ, ಕುಟ್ಟಿದ. ತುಕ್ಕು ಪುಡಿಪುಡಿಯಾಗಿ ಉದುರಿತು. ಆಮೇಲೆ ಎಲ್ಲರನ್ನೂ ಬಿಟ್ಟು ನನ್ನ ಕಡೆ ನೋಡಿ, “ಏನಯ್ಯಾ, ಇದು ನಮ್ಮಪ್ಪನ ಕಾಲದಿಂದ ತಿರುಗಿಲ್ವಲ್ಲೋ” ಅಂದ. ಹತ್ತು ವರ್ಷದಲ್ಲಿ ಅವನು ನನ್ನ ಹತ್ತಿರ ಆಡಿದ ಮೊದಲ ಮಾತು. ಕೊನೆಗೆ ಬೀಗ ಕತ್ತರಿಸಿಯೇ ತೆಗೆದರು.

ಕಿಟಕಿ ಇಲ್ಲ. ಒಂದು ಮೇಜು, ಒಂದು ಕುರ್ಚಿ. ನೆಲದ ಮೇಲೆ ಕಂಬಳಿಯ ಹಾಗೆ ಧೂಳು, ಹೆಜ್ಜೆ ಗುರುತು ಒಂದೂ ಇಲ್ಲ. ಕಿಂಡಿಯ ಒಳಗಡೆ ನಿಮ್ಮ ಪೇಪರಿನ ಕಟ್ಟುಗಳು, ತೂರಿದ ಹಾಗೇ ಬಿದ್ದಿದ್ದವು, ದಾರ ಬಿಚ್ಚಿಲ್ಲ. ಕ್ಯಾಮೆರಾ ಹಾಕಿದ ಮೇಲಿನವೆಲ್ಲ ಅಲ್ಲೇ ಇದ್ದವು. ಅದಕ್ಕೆ ಹಿಂದಿನದು ಒಂದೂ ಇಲ್ಲ. ಅವೆಲ್ಲ ತಿದ್ದಿ ಹೊರಗೆ ಬಂದು, ಅವರಲ್ಲಿ ಎಷ್ಟೋ ಮಂದಿ ಈಗ ಡಾಕ್ಟರಾಗಿ, ಮೇಷ್ಟ್ರಾಗಿ ಓಡಾಡುತ್ತಿದ್ದಾರೆ.

ಕುರ್ಚಿಯ ಮೇಲೆ ಮಾತ್ರ ಧೂಳಿರಲಿಲ್ಲ. ಕೂತು ಕೂತು ಮರ ಹೊಳೆಯುತ್ತಿತ್ತು. ಮತ್ತೆ ಅದು ಬಾಗಿಲಿಗೆ ಬೆನ್ನು ಹಾಕಿ, ಗೋಡೆಗೆ ಮುಖ ಮಾಡಿ ಇತ್ತು. ನಾವೆಲ್ಲ ಹೊರಗೆ ನಿಲ್ಲುವ ಹಾಗೇ.

ಅಟೆಂಡರಜ್ಜ ಬಾಗಿಲಲ್ಲೇ ನಿಂತು ನನ್ನ ಒಳ್ಳೆ ಕಿವಿಯ ಹತ್ತಿರ ಬಂದು ಹೇಳಿದ. “ನಾವೆಲ್ಲ ಮರ್ಯಾದೆಗೆ ಮುಖ ತಿರುಗಿಸ್ತಿದ್ವಿ ಯಜಮಾನ್ರೇ. ಆ ಕ್ಯಾಮೆರಾಗೆ ಮರ್ಯಾದೆ ಎಲ್ಲಿ? ಅದು ಕಣ್ಣು ಬಿಟ್ಕೊಂಡೇ ಇತ್ತು. ಅವರು ಹೇಗೆ ಕೆಲಸ ಮಾಡ್ತಾರೆ?”

ಕಮಿಷನರು ಬೆವರು ಒರೆಸಿಕೊಂಡು ಎಲ್ಲ ಬರೆದುಕೊಂಡರು. ಕುರ್ಚಿಯ ವಿಷಯ ಬರೆದುಕೊಳ್ಳಲಿಲ್ಲ. ಕ್ಯಾಮೆರಾ ಮರುದಿನವೇ ಬಿಚ್ಚಿಸಿದರು.

ಈಗ ವಿಶ್ವವಿದ್ಯಾಲಯದವರು ಕೈ ಮುಗಿದು ಒಂದು ದಾರಿ ಹೇಳಿದ್ದಾರೆ. ಮೂರನೆಯವರೂ ಬೇಡ, ಏನೂ ಬೇಡ. ಮೊದಲನೆಯವರದ್ದೂ ಎರಡನೆಯವರದ್ದೂ ಕೂಡಿ ಅರ್ಧ ಮಾಡಿ ಕೊಟ್ಟುಬಿಡುತ್ತಾರಂತೆ. ಹಾಗೆ ಮಾಡಿದರೆ ನೀನು ಪಾಸು! ಉಳಿದವರೆಲ್ಲ ಒಪ್ಪಿದರು. ಒಪ್ಪಿಗೆ ಕಾಗದಕ್ಕೆ ನಿನ್ನ ಸಹಿ ಬೇಕು, ಇದರ ಜೊತೆ ಇಟ್ಟಿದ್ದೇನೆ. ಬೇಗ ಕಳಿಸು, ನಿನ್ನಮ್ಮ ಆಗಲೇ ನೆಂಟರಿಗೆಲ್ಲ ಹೇಳಿಯಾಯಿತು.

ಅಪ್ಪ


ಏಪ್ರಿಲ್ 18

ಅಪ್ಪಾ,

ಕಾಗದ ವಾಪಸು ಕಳಿಸಿದ್ದೇನೆ. ಸಹಿ ಹಾಕಿಲ್ಲ.

ಕೋಪ ಮಾಡಿಕೊಳ್ಳಬೇಡ, ಓದು. ಇಲ್ಲಿ ಒಂದು ರಕ್ತದ ಸ್ಯಾಂಪಲ್ಲಿಗೆ ಎರಡು ರಿಪೋರ್ಟು ಬೇರೆ ಬೇರೆ ಬಂದರೆ ನಾವು ಎರಡನ್ನೂ ಕೂಡಿ ಅರ್ಧ ಮಾಡಲ್ಲ. ಮಾಡಿದರೆ ರೋಗಿ ಸಾಯುತ್ತಾನೆ. ಮೂರನೇ ಸಲ, ಮೊದಲಿಂದ, ಇನ್ನೊಬ್ಬರು ನೋಡುತ್ತಾರೆ. ನನಗೆ ಒಬ್ಬರು ‘ಏನೂ ಬರಲ್ಲ’ ಅಂದರು. ಒಬ್ಬರು ‘ಎಲ್ಲ ಬರುತ್ತೆ’ ಅಂದರು. ಅವರಿಬ್ಬರಲ್ಲಿ ಒಬ್ಬರು ನನ್ನ ಪೇಪರು ಓದಿಯೇ ಇಲ್ಲ ಅಪ್ಪಾ. ಇಬ್ಬರೂ ಓದಿಲ್ಲವೋ ಏನೋ. ನಾನು ದಿನಾ ಜನರ ರಕ್ತ ಮುಟ್ಟುತ್ತೇನೆ. ನನಗೆ ಈ ಕೆಲಸ ಬರುತ್ತಾ ಇಲ್ಲವಾ ಅನ್ನುವುದು ನನಗೇ ಗೊತ್ತಾಗಬೇಕು.

ಮೂರನೆಯವರು ಫೇಲ್ ಮಾಡಿದರೆ ಕೆಲಸ ಹೋಗುತ್ತೆ, ಗೊತ್ತು. ಹೋಗಲಿ. ಆದರೆ ಯಾರಾದರೂ ಒಬ್ಬರು ಪೂರ್ತಿ ಓದಬೇಕು. ಅಷ್ಟೇ ನಾನು ಕೇಳುವುದು.

ಅಮ್ಮನಿಗೆ ನೀನೇ ಹೇಳು. ನನಗೆ ಧೈರ್ಯ ಇಲ್ಲ.

ಕಡ್ಡಿ


ಏಪ್ರಿಲ್ 27

ಮಗಳೇ,

ನಿನ್ನಮ್ಮನಿಗೆ ಹೇಳಿದೆ. ಎರಡು ದಿನ ಮಾತಿಲ್ಲ, ಪಾತ್ರೆಗಳೇ ಮಾತಾಡಿದವು. ಮೂರನೇ ದಿನ, “ನಿಮ್ಮ ಬೀಜ ತಾನೇ, ಸುಮ್ಮನೆ ಹೇಗಿರುತ್ತೆ” ಅಂದಳು. ಅಂದರೆ ಸಮಾಧಾನ ಆಯಿತು ಅಂತ ಅರ್ಥ.

ವಕೀಲಮ್ಮ ಕೋರ್ಟಿಗೆ ಹೇಳಿದರು. ಜಡ್ಜಮ್ಮ, ಹುಡುಗಿ ಕೇಳುತ್ತಿರುವುದು ಸರಿ, ನಿಮ್ಮ ನಿಯಮದ ಪ್ರಕಾರವೇ ಓದಿಸಿ ಅಂದರು. ಈಗ ಉಳಿದಿರುವುದು ನಿನ್ನದೊಂದೇ ಪೇಪರು. ನಿಯಮದಲ್ಲಿ, ಮೂರನೇ ಸಲ ತಿದ್ದುವುದು ಅದೇ ರೂಮಿನಲ್ಲಿ, ಬೀಗ ಹಾಕಿ ಅಂತ ಇದೆ. ಪ್ರೊಫೆಸರುಗಳನ್ನು ಕೇಳಿದರಂತೆ. ಒಬ್ಬರಿಗೆ ಮಂಡಿ ನೋವು, ಒಬ್ಬರಿಗೆ ಮಗಳ ಮದುವೆ, ಒಬ್ಬರಿಗೆ ಧೂಳಾದರೆ ಸೀನು. ಆ ಕುರ್ಚಿಯ ಸುದ್ದಿ ಕ್ಯಾಂಪಸ್ಸೆಲ್ಲ ಹಬ್ಬಿದೆ.

ಇವತ್ತು ಮುಂದಿನವಾರಪ್ಪ ನಮ್ಮ ಅಂಗಡಿಗೇ ಬಂದಿದ್ದರು! “ಬೇರೆಯವ್ರು ಬರಲ್ಲ ಅಂತಿದ್ದಾರಪ್ಪ. ಆ ಬಾಗಿಲಿಗೆ ಹೊಸ ಬೀಗ ನೀನೇ ಹಾಕ್ಕೊಡು” ಅಂದರು. “ಮುಂದಿನ ವಾರ ಬನ್ನಿ ಸಾರ್” ಅಂದೆ. ಅವರ ಮುಖ ನೋಡಬೇಕಿತ್ತು! ಎಷ್ಟು ತಿಂಗಳಿಂದ ಹೇಳಬೇಕು ಅಂತ ಕಾದಿದ್ದೆ.

ನಾಳೆ ಹೋಗಿ ಹಾಕಿ ಬರುತ್ತೇನೆ.

ಅಪ್ಪ


ಮೇ 16

ಅಪ್ಪಾ,

ಯಾಕೆ ಬರೆಯುತ್ತಿಲ್ಲ? ನನ್ನ ಕಾಗದ ತಲುಪುತ್ತಿಲ್ಲವಾ?

ಅಮ್ಮನಿಗೆ ಫೋನು ಮಾಡಿದ್ದೆ. ನೀನು ಚೆನ್ನಾಗಿ ಊಟ ಮಾಡುತ್ತೀಯಂತೆ, ಅಂಗಡಿಗೆ ಹೋಗುತ್ತೀಯಂತೆ, ಎಲ್ಲ ಸರಿಯಂತೆ. ಆದರೆ ಮಾತಿನ ಕೊನೆಗೆ ಅಮ್ಮ ತಗ್ಗಿದ ದನಿಯಲ್ಲಿ, “ನಿಮ್ಮಪ್ಪ ತಮಾಷೆ ಮಾಡೋದು ಬಿಟ್ಟಿದ್ದಾರೆ ಕಣೇ” ಅಂದಳು.

ನಾನು ಫೇಲಾದೆನಾ? ಆಗಿದ್ದರೆ ನೇರವಾಗಿ ಹೇಳು, ಕಡ್ಡಿ ಮುರಿದ ಹಾಗೆ. ನಾನು ಅಳಲ್ಲ. ನೀನು ಹೀಗೆ ಸುಮ್ಮನಿರುವುದು ಮಾತ್ರ ಬೇಡ. ನನಗೆ ಭಯ ಆಗುತ್ತೆ.

ಕಡ್ಡಿ


ಮೇ 20

ಮಗಳೇ,

ನೀನು ಪಾಸು.

ಅದನ್ನು ಮೊದಲು ಬರೆದುಬಿಟ್ಟೆ, ಈಗ ಉಸಿರಾಡು. ಭರ್ತಿ ಮಾರ್ಕ್ಸೇನಲ್ಲ. ಎರಡನೆಯವರು ಕೊಟ್ಟದ್ದಕ್ಕಿಂತ ಬಹಳ ಕಮ್ಮಿ, ಕೂಡಿ ಅರ್ಧ ಮಾಡಿದ್ದರೆ ಬರುತ್ತಿದ್ದುದಕ್ಕಿಂತಲೂ ಸ್ವಲ್ಪ ಕಮ್ಮಿ. ಪಾಸು. ಕುಲಸಚಿವರು ಸಹಿ ಹಾಕಿದ್ದಾರೆ, ಕೋರ್ಟಿಗೂ ಕೊಟ್ಟಾಗಿದೆ, ಆಸ್ಪತ್ರೆಗೆ ವಕೀಲಮ್ಮನೇ ಕಳಿಸುತ್ತಾರೆ.

ಬರೆಯದೆ ಇದ್ದದ್ದು ಯಾಕೆ ಅಂದರೆ, ಹೇಗೆ ಬರೆಯಬೇಕು ಅಂತ ಗೊತ್ತಾಗಲಿಲ್ಲ. ನಗಿಸುತ್ತಾ ಬರೆಯಲು ಕೂತರೆ ಅದು ಸುಳ್ಳಾಗುತ್ತಿತ್ತು. ನಗಿಸದೆ ಬರೆದು ನನಗೆ ಅಭ್ಯಾಸವಿಲ್ಲ.

ಅವತ್ತು ಬೀಗ ಹಾಕಲು ಹೋದೆ. ಮೊದಲು ಒಳಗೆ ಹೋಗಿ ಪೂರ್ತಿ ನೋಡಿದೆ. ಧೂಳು ಗುಡಿಸಿದ್ದರು. ಮೇಜು, ಕುರ್ಚಿ, ನಾಲ್ಕು ಗೋಡೆ. ಒಂದು ಇಲಿ ಅಡಗುವ ಜಾಗವೂ ಇಲ್ಲ. ಹೊರಗೆ ಬಂದು ಬಾಗಿಲು ಎಳೆದು, ಒಳಗಿಂದಲೂ ಹೊರಗಿಂದಲೂ ತಿರುಗುವ ಬೀಗ ಜೋಡಿಸಿ, ತಿರುಗಿಸಿ ತಿರುಗಿಸಿ ನೋಡಿದೆ. ಬೆಣ್ಣೆಯ ಹಾಗೆ ತಿರುಗಿತು. ಕೀಲಿಕೈ ಮುಂದಿನವಾರಪ್ಪನಿಗೆ ಕೊಡಲು ಹೋದರೆ ಅವರು ಕೈ ಹಿಂದಕ್ಕೆ ಕಟ್ಟಿಕೊಂಡರು. “ಒಂದೇ ಕೀಲಿ, ಅದು ಪರೀಕ್ಷಕರ ಹತ್ರಾನೇ ಇರ್ಬೇಕು. ನಿಯಮ. ಕಿಂಡೀಲಿ ಹಾಕು.”

“ಒಳಗೆ ಯಾರೂ ಇಲ್ವಲ್ಲ ಸಾರ್, ಈಗ ತಾನೇ ನೋಡಿ ಬಂದೆ” ಅಂದೆ.

“ನೀನು ಹಾಕಪ್ಪ” ಅಂದರು. ಅಟೆಂಡರಜ್ಜ ಗಂಟೆ ಬಾರಿಸಿದ. ಎಲ್ಲರೂ ತಿರುಗಿದರು.

ನಾನು ಬಾಗಿಲಿಗೆ ಮುಖ ಮಾಡಿ ಮಂಡಿಯೂರಿ ಕೂತೆ. ನನ್ನ ಬೆನ್ನ ಹಿಂದೆ ಶಾಯಿ ವಾಸನೆ ಬಂತು, ನಿಂತಿತು, ಆಮೇಲೆ ಇಲ್ಲವಾಯಿತು. ಕಿಂಡಿಯೊಳಗೆ ಕೈ ಹಾಕಿ ಕೀಲಿ ಬಿಡಲು ಹೋದೆ.

ಅದನ್ನು ನನ್ನ ಕೈಯಿಂದ ತಗೊಂಡರು.

ಕಿತ್ತುಕೊಳ್ಳಲಿಲ್ಲ ಮಗಳೇ. ಅಂಗಡಿಯಲ್ಲಿ ಗಿರಾಕಿ ತಗೊಳ್ಳುವ ಹಾಗೆ ತಗೊಂಡರು. ಕೈ ತಣ್ಣಗಿತ್ತು ಅಂತ ಬರೆದರೆ ಕಥೆ ಕಟ್ಟಿದ ಹಾಗಾಗುತ್ತೆ. ತಣ್ಣಗಿರಲಿಲ್ಲ, ಬೆಚ್ಚಗಿತ್ತು. ನಡುಬೆರಳಿನ ಪಕ್ಕ ಗಂಟು ಕಟ್ಟಿತ್ತು, ಪೆನ್ನು ಒತ್ತಿ ಒತ್ತಿ. ನನಗೆ ಅರ ಹಿಡಿದು ಆಗಿರುವ ಹಾಗೇ. ಆಮೇಲೆ, ಮುಂದಿನವಾರಪ್ಪ ನನ್ನ ಪಕ್ಕದಲ್ಲಿ ಇಟ್ಟಿದ್ದ ನಿನ್ನ ಪೇಪರು ತೂರಿಸಿದೆ. ಅದನ್ನೂ ತಗೊಂಡರು. ನಾನು ಕೂತೇ ಇದ್ದೆ. ಒಳಗಡೆಯಿಂದ ಬೀಗ ತಿರುಗಿದ್ದು ಬಾಗಿಲಿಗೆ ಆನಿಸಿದ ಹಣೆಗೆ ಗೊತ್ತಾಯಿತು.

ಅವತ್ತಿನಿಂದ ಮೂರು ಗಂಟೆ ಆದರೆ ಅಂಗಡಿಯಲ್ಲಿ ನಾನು ಗೋಡೆಗೆ ಮುಖ ಮಾಡಿ ನಿಂತಿರುತ್ತೇನಂತೆ. ನನಗೆ ಗೊತ್ತೇ ಆಗಲ್ಲ. ಗಿರಾಕಿಗಳು ಭುಜ ತಟ್ಟಿ ಕರೆಯುತ್ತಾರೆ.

ಪೇಪರು ಮುಂದಿನ ವಾರ ಬಂತು. ಈ ಸಲ ನಿಜವಾಗಿ ಮುಂದಿನ ವಾರ. ವಕೀಲಮ್ಮ ಅರ್ಜಿ ಹಾಕಿ ಅದರ ನಕಲು ತೆಗೆಸಿದರು. “ಯಾರಣ್ಣಾ ತಿದ್ದಿದ್ದು?” ಅಂತ ಕೇಳಿದರು. “ನಾನು ನೋಡಿಲ್ಲ ಮೇಡಂ” ಅಂದೆ. ನೋಡಿಲ್ಲ ಅನ್ನುವುದು ನಿಜವೇ ತಾನೆ. ಅವರು ನನ್ನ ಮುಖ ನೋಡಿ ಮತ್ತೆ ಕೇಳಲಿಲ್ಲ. ನಿನ್ನಮ್ಮನಿಗೂ ಹೇಳಿಲ್ಲ. ನಿನಗೆ ಹೇಳುತ್ತಿದ್ದೇನೆ, ಯಾಕೆಂದರೆ ಪೇಪರು ನಿನ್ನದು, ಆ ಮಾರ್ಕ್ಸು ಇಟ್ಟುಕೊಳ್ಳುವುದೋ ಬಿಡುವುದೋ ನಿನ್ನದು.

ನಕಲು ನನ್ನ ಮುಂದೆ ಇದೆ. ನನಗೆ ನಿಮ್ಮ ಶಾಸ್ತ್ರ ಅರ್ಥವಾಗಲ್ಲ, ಕೆಂಪು ಶಾಯಿ ಅರ್ಥವಾಗುತ್ತೆ. ಮೊದಲನೆಯವರು ಪುಟಕ್ಕೊಂದು ಗೀಟು ಎಳೆದಿದ್ದಾರೆ, ಓದದೆ. ಎರಡನೆಯವರು ಪುಟಕ್ಕೊಂದು ‘ಸರಿ’ ಹಾಕಿದ್ದಾರೆ, ಅವರೂ ಓದದೆ. ಈ ಮೂರನೇ ಕೈ ಹಾಗಲ್ಲ. ಸಾಲುಸಾಲಿಗೆ ಸಣ್ಣ ಚುಕ್ಕಿ ಇದೆ, ಓದುತ್ತಾ ಹೋದಲ್ಲೆಲ್ಲ ಪೆನ್ನಿನ ತುದಿ ಊರಿದ ಹಾಗೆ. ಒಂದು ಕಡೆ ಮಾರ್ಕು ಕೊಟ್ಟು, ಹೊಡೆದು, ಮತ್ತೆ ಕೊಟ್ಟಿದ್ದಾರೆ. ಒಂದು ಕಡೆ ‘ಈ ತಪ್ಪು ಕೆಲಸದಲ್ಲಿ ಮಾಡಬೇಡ’ ಅಂತ ಇದೆ, ಅದನ್ನು ನೀನು ನಿಮ್ಮ ಲ್ಯಾಬಿನ ದೊಡ್ಡ ಮೇಡಂಗೆ ತೋರಿಸು. ಕೊನೆಯ ಪುಟದಲ್ಲಿ ನೀನು ಏನೋ ಬರೆದು, ಅಡ್ಡಗೀಟು ಹಾಕಿ ಬಿಟ್ಟಿದ್ದೀಯಲ್ಲ, ಅದನ್ನೂ ಓದಿದ್ದಾರೆ. ಪಕ್ಕದಲ್ಲಿ ಬಹಳ ಸಣ್ಣ ಅಕ್ಷರದಲ್ಲಿ ಬರೆದಿದ್ದಾರೆ: ‘ಇದೇ ಸರಿಯಾಗಿತ್ತು. ಯಾಕೆ ಹೊಡೆದುಹಾಕಿದೆ?’

ನೀನು ಕೇಳಿದ್ದು ಒಂದೇ, ಯಾರಾದರೂ ಪೂರ್ತಿ ಓದಬೇಕು ಅಂತ. ಓದಿದ್ದಾರೆ ಕಣಮ್ಮಾ. ಹೊಡೆದುಹಾಕಿದ್ದನ್ನೂ ಬಿಡದೆ ಓದಿದ್ದಾರೆ. ನನಗೆ ಗೊತ್ತಿರುವ ಯಾವ ಜೀವಂತ ಮನುಷ್ಯನೂ ಹಾಗೆ...

ಅಡುಗೆಮನೆಯಿಂದ ನಿನ್ನಮ್ಮನ ಕೂಗು ಬಂತು. “ಏನ್ರೀ, ಮಗಳಿಗೆ ಕಾಗದ ಬರೀತಿದ್ದೀರಾ ಇಲ್ಲ ರಾಮಾಯಣಾನಾ? ತಟ್ಟೆ ಹಾಕಿ ಎಷ್ಟು ಹೊತ್ತಾಯ್ತು, ಊಟ ಆರ್ತಿದೆ ಬನ್ನಿ!” ಎದ್ದು ಹೋಗದಿದ್ದರೆ ನಾಳೆ ನನಗೂ ಮಧ್ಯಂತರ ಆದೇಶ ಬೇಕಾಗುತ್ತೆ. ಹೋಗುತ್ತೇನೆ.

ನಿನ್ನ,
ಅಪ್ಪ